ಎರಡು ಮನೆಯ ನೆಂಟ: ನೇಮಕಾತಿ ಅನುಮೋದನೆ ಮತ್ತು ಬಾಕಿ ಸಂಬಳದ ಚರಿತ್ರೆ

1

ಎರಡು ಮನೆಯ ನೆಂಟ ಉಣ್ಣದೆ ಕೆಟ್ಟ ಅನ್ನೋ ಮಾತು ನಮ್ಮ ಹಳ್ಳಿಗಳಲ್ಲಿದೆ. ಆ ಮನೆಯಲ್ಲಿ ಉಂಡಿರಬೇಕು ಅಂತ ಈ ಮನೆಯವರು, ಈ ಮನೆಯಲ್ಲಿ ಉಂಡಿರಬೇಕು ಅಂತ ಆ ಮನೆಯವರು ದೀಪ ಆರಿಸಿ ಮಲಗಿದರು. ನೆಂಟ ಜಗಲಿಯ ಮೇಲೆ ಹೊಟ್ಟೆ ಹಿಡಿದುಕೊಂಡು ಬಿದ್ದಿದ್ದ. ಅನುದಾನಿತ ಖಾಸಗಿ ಶಾಲೆಯ ಮೇಷ್ಟ್ರ ಚರಿತ್ರೆಯೂ ಇದೇ. ಕೆಲಸಕ್ಕೆ ತೆಗೆದುಕೊಳ್ಳುವುದು ಆಡಳಿತ ಮಂಡಳಿ. ಸಂಬಳ ಕೊಡಬೇಕಾದ್ದು ಸರ್ಕಾರ. ಇವರಿಬ್ಬರ ನಡುವೆ ಒಂದು ಕಾಗದ ನಿಂತಿದೆ. ಅದಕ್ಕೆ ಅನುಮೋದನೆ ಅಂತ ಹೆಸರು.

ಈ ಕಾಗದದ ದಾರಿಯನ್ನು ಮೊದಲು ನೋಡೋಣ. ಶಾಲೆಯಲ್ಲಿ ಒಂದು ಹುದ್ದೆ ಖಾಲಿಯಾಗುತ್ತದೆ. ಅದನ್ನು ತುಂಬಲು ಮಂಡಳಿ ಇಲಾಖೆಯ ಅನುಮತಿ ಕೇಳಬೇಕು. ಪತ್ರಿಕೆಯಲ್ಲಿ ಜಾಹೀರಾತು ಕೊಡಬೇಕು. ಮೀಸಲಾತಿಯ ರೋಸ್ಟರ್ ನೋಡಬೇಕು. ಸಂದರ್ಶನ ನಡೆಸಬೇಕು, ನೇಮಕದ ಆದೇಶ ಕೊಡಬೇಕು. ಆಮೇಲೆ ಇಡೀ ಕಡತ ಕಟ್ಟಿ ಶಿಕ್ಷಣಾಧಿಕಾರಿಯ ಮೂಲಕ ಮೇಲಕ್ಕೆ ಕಳಿಸಬೇಕು. ಅಲ್ಲಿ ಮಕ್ಕಳ ಸಂಖ್ಯೆ, ಪಾಠದ ಅವಧಿ, ಮೇಷ್ಟ್ರ ಓದು, ರೋಸ್ಟರಿನ ಬಿಂದು ಎಲ್ಲವನ್ನೂ ತಾಳೆ ನೋಡಿ, ಸರಿ ಅನ್ನಿಸಿದರೆ ಅನುಮೋದನೆ. ಅದು ಸಿಕ್ಕ ಮೇಲೇ ಸಂಬಳದ ಬಿಲ್ಲಿನಲ್ಲಿ ಹೆಸರು. ಅಲ್ಲಿಯವರೆಗೆ ಮೇಷ್ಟ್ರು ಪಾಠ ಮಾಡಿರುತ್ತಾರೆ, ಹಾಜರಿ ಕೂಗಿರುತ್ತಾರೆ, ಪರೀಕ್ಷೆ ನಡೆಸಿರುತ್ತಾರೆ, ಜನಗಣತಿಗೆ ಓಡಾಡಿರುತ್ತಾರೆ. ಸರ್ಕಾರದ ಲೆಕ್ಕದಲ್ಲಿ ಮಾತ್ರ ಅವರು ಇನ್ನೂ ಹುಟ್ಟಿರುವುದಿಲ್ಲ!

ಈ ದಾರಿಯ ಒಂದೊಂದು ಮೆಟ್ಟಿಲಲ್ಲೂ ಕಡತ ಕೂತುಬಿಡಬಹುದು. ಮಂಡಳಿಯವರು ಕಳಿಸಲೇ ಇಲ್ಲ ಅನ್ನಬಹುದು. ಕಳಿಸಿದ್ದರಲ್ಲಿ ಒಂದು ಪ್ರತಿ ಇಲ್ಲ ಅಂತ ವಾಪಸ್ ಬರಬಹುದು. ಮಂಡಳಿಯಲ್ಲೇ ಎರಡು ಪಕ್ಷವಾಗಿ, ಯಾರ ಸಹಿ ಖರೆ ಯಾರದ್ದು ಸುಳ್ಳು ಅಂತ ಅವರು ಕೋರ್ಟು ಮೆಟ್ಟಿಲು ಹತ್ತಿರಬಹುದು. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯ್ತು ಅನ್ನೋ ಹಾಗೆ, ಅವರ ಜಗಳ ಮುಗಿಯುವ ತನಕ ಮೇಷ್ಟ್ರ ಮನೆಯಲ್ಲಿ ಒಲೆ ಉರಿಯೋದಿಲ್ಲ. ಬಾಯಿಬಿಟ್ಟು ಕೇಳಿದರೆ ‘ನಿಮಗೆ ಸೇವಾ ಮನೋಭಾವ ಇಲ್ಲ’ ಅಂತ ಬುದ್ಧಿವಾದ ಬೇರೆ.

ಇದು ಯಾರೋ ಒಬ್ಬ ಕೆಟ್ಟ ಅಧ್ಯಕ್ಷನಿಂದ, ಯಾರೋ ಒಬ್ಬ ಲಂಚಕೋರ ಗುಮಾಸ್ತನಿಂದ ಆದ ಅನ್ಯಾಯ ಅಂತ ತಿಳಿದರೆ ನಾವು ಮೋಸಹೋಗುತ್ತೇವೆ. ಈ ಜಗಲಿ ಕಟ್ಟಿ ನೂರೆಪ್ಪತ್ತು ವರ್ಷವಾಯಿತು. ಯಾರು ಕಟ್ಟಿದರು, ಯಾಕೆ ಕಟ್ಟಿದರು ಅನ್ನೋದನ್ನು ನಾವು ಕೇಳಬೇಕಾಗಿದೆ.

2

1854ರ ಜುಲೈ 19ರಂದು ಲಂಡನ್ನಿನಿಂದ ಒಂದು ಪತ್ರ ಹೊರಟಿತು. ಚರಿತ್ರೆಯ ಪುಸ್ತಕಗಳಲ್ಲಿ ಅದಕ್ಕೆ ವುಡ್ ಪತ್ರ ಅನ್ನುತ್ತಾರೆ. ಭಾರತದಲ್ಲಿ ಇಂಗ್ಲಿಷ್ ಶಿಕ್ಷಣಕ್ಕೆ ಬುನಾದಿ ಹಾಕಿದ ಪತ್ರ ಅಂತ ಹೊಗಳುತ್ತಾರೆ. ಅದರ ಒಳಗಿನ ಲೆಕ್ಕಾಚಾರ ಏನೆಂದರೆ, ಇಷ್ಟು ದೊಡ್ಡ ದೇಶಕ್ಕೆಲ್ಲ ಶಾಲೆ ಕಟ್ಟುವಷ್ಟು ಹಣ ಬಿಚ್ಚಲು ಕಂಪನಿ ಸರ್ಕಾರ ತಯಾರಿರಲಿಲ್ಲ. ಆದ್ದರಿಂದ ಮಿಷನರಿಗಳೋ ಊರಿನ ಶ್ರೀಮಂತರೋ ಶಾಲೆ ತೆರೆಯಲಿ, ಆಡಳಿತ ಅವರೇ ಮಾಡಲಿ, ಮಕ್ಕಳಿಂದ ಒಂದಿಷ್ಟು ಶುಲ್ಕ ಎತ್ತಲಿ, ಸರ್ಕಾರದ ಇನ್‌ಸ್ಪೆಕ್ಟರು ಬಂದು ನೋಡಲಿ, ಸರಿಯಾಗಿದ್ದರೆ ಸರ್ಕಾರ ಸ್ವಲ್ಪ ಸಹಾಯಧನ ಕೊಡಲಿ. ಅನುದಾನ ಅನ್ನೋದು ಹುಟ್ಟಿದ್ದು ಹೀಗೆ. ಮೇಷ್ಟ್ರ ಸಂಬಳಕ್ಕೆ ಒಂದಿಷ್ಟು ಕೂಡಿಸಿ ಕೊಡುವುದೂ ಆ ಸಹಾಯಧನದ ಉದ್ದೇಶಗಳಲ್ಲಿ ಒಂದಾಗಿತ್ತು.

ಗಮನಿಸಬೇಕಾದ್ದು ಇಷ್ಟು. ಸರ್ಕಾರ ದುಡ್ಡು ಕೊಟ್ಟದ್ದು ಶಾಲೆ ನಡೆಸುವವನಿಗೆ. ಮೇಷ್ಟ್ರಿಗಲ್ಲ. ಮೇಷ್ಟ್ರು ಶಾಲೆ ನಡೆಸುವವನ ಆಳು. ಧಣಿಗೆ ಸಹಾಯ, ಧಣಿಯ ಕೈಯಿಂದ ಆಳಿಗೆ ಕೂಲಿ. ಇಲ್ಲಿಂದಲೇ ಎರಡು ಮನೆ ಶುರುವಾಯಿತು.

ಅದಕ್ಕೂ ಮೊದಲು ನಮ್ಮ ಹಳ್ಳಿಗಳಲ್ಲಿ ಕೂಲಿಮಠಗಳಿದ್ದವು. ಅಯ್ಯನವರಿಗೆ ಸುಗ್ಗಿಯಲ್ಲಿ ಇಷ್ಟು ಕಾಳು, ಹಬ್ಬಕ್ಕೆ ಇಷ್ಟು ಎಣ್ಣೆ ಬೆಲ್ಲ. ಆ ಮಠದ ಜಗಲಿಯ ಹತ್ತಿರ ಕೇರಿಯ ಮಕ್ಕಳು ಸುಳಿಯುವಂತಿರಲಿಲ್ಲ ಅನ್ನೋದನ್ನು ಬೇರೆ ಹೇಳಬೇಕಾಗಿಲ್ಲ. ಆದರೆ ಅಯ್ಯನವರಿಗೆ ಕೊಡಬೇಕಾದವರು ಯಾರು ಅನ್ನೋದರಲ್ಲಿ ಗೊಂದಲವಿರಲಿಲ್ಲ. ಮೈಸೂರು ಸೀಮೆಯಲ್ಲಿ 1868ರಲ್ಲಿ ಬಿ.ಎಲ್. ರೈಸ್ ಹೋಬಳಿ ಶಾಲೆಗಳ ಯೋಜನೆ ತಂದ ಮೇಲೆ ಹಳ್ಳಿಯ ಮೇಷ್ಟ್ರಿಗೆ ಸರ್ಕಾರದ ನಂಟು ಬೆಳೆಯಿತು.

ಬೊಂಬಾಯಿ, ಮದರಾಸು ಪ್ರಾಂತಗಳಲ್ಲಿ 1860ರ ದಶಕದಿಂದ ಇನ್ನೊಂದು ಪದ್ಧತಿ ಬಂತು. ಪರೀಕ್ಷೆಯಲ್ಲಿ ಎಷ್ಟು ಮಕ್ಕಳು ಪಾಸಾದರೋ ಅಷ್ಟಕ್ಕೆ ಅನುದಾನ. ಇನ್‌ಸ್ಪೆಕ್ಟರು ವರ್ಷಕ್ಕೊಮ್ಮೆ ಬಂದು ಮಕ್ಕಳ ಬಾಯಿಂದ ಪಾಠ ಒಪ್ಪಿಸಿಕೊಂಡು, ತಲೆ ಎಣಿಸಿ ದುಡ್ಡು ಬರೆಯುತ್ತಿದ್ದ. ಆ ವರ್ಷ ಊರಿಗೆ ಕಾಲರಾ ಬಂದರೆ, ಬರ ಬಂದರೆ, ಮಗು ದನ ಕಾಯಲು ಹೋದರೆ ಮೇಷ್ಟ್ರ ಅನ್ನಕ್ಕೇ ಕಲ್ಲು. ಇಂಥ ಪದ್ಧತಿಯಲ್ಲಿ ಬಡವರ ಮಗುವನ್ನು ಶಾಲೆಗೆ ಸೇರಿಸಿಕೊಳ್ಳುವುದು ಮೇಷ್ಟ್ರಿಗೆ ನಷ್ಟದ ಬಾಬು! ಇಪ್ಪತ್ತನೇ ಶತಮಾನದ ಆರಂಭದಲ್ಲಿ ಈ ಪದ್ಧತಿಯನ್ನು ಕೈಬಿಟ್ಟರು.

1882ರಲ್ಲಿ ಹಂಟರ್ ಆಯೋಗದ ಮುಂದೆ ಮಹಾತ್ಮ ಜ್ಯೋತಿಬಾ ಫುಲೆ ಒಂದು ಮನವಿ ಕೊಟ್ಟರು. ಪ್ರಾಥಮಿಕ ಶಾಲೆಯ ಮೇಷ್ಟ್ರುಗಳೆಲ್ಲ ಹೆಚ್ಚುಕಡಿಮೆ ಬ್ರಾಹ್ಮಣರೇ ಆಗಿದ್ದಾರೆ, ಆದಷ್ಟೂ ರೈತಾಪಿ ಜನರಿಂದ ಮೇಷ್ಟ್ರುಗಳನ್ನು ತಯಾರು ಮಾಡಿ ಅಂದರು. ಅಷ್ಟಕ್ಕೇ ನಿಲ್ಲಿಸಲಿಲ್ಲ. ತರಬೇತಾದ ಮೇಷ್ಟ್ರಿಗೆ ತಿಂಗಳಿಗೆ 12 ರೂಪಾಯಿಗಿಂತ ಕಡಿಮೆ ಕೊಡಬಾರದು, ದೊಡ್ಡ ಊರುಗಳಲ್ಲಿ 15, 20 ರೂಪಾಯಿ ಕೊಡಬೇಕು ಅಂದರು. ಮೇಷ್ಟ್ರು ಯಾವ ಜನರಿಂದ ಬರುತ್ತಾರೆ ಅನ್ನೋ ಪ್ರಶ್ನೆಯನ್ನೂ ಮೇಷ್ಟ್ರಿಗೆ ಸಂಬಳ ಎಷ್ಟು ಅನ್ನೋ ಪ್ರಶ್ನೆಯನ್ನೂ ಫುಲೆ ಒಂದೇ ಕಾಗದದಲ್ಲಿ ಬರೆದರು. ಇವೆರಡೂ ಒಂದೇ ಪ್ರಶ್ನೆ ಅಂತ ಅವರಿಗೆ ಗೊತ್ತಿತ್ತು. ಮನೆಯಲ್ಲಿ ಜಮೀನು ಇದ್ದವನು ಮೂರು ವರ್ಷ ಸಂಬಳವಿಲ್ಲದೆ ಕಾಯಬಲ್ಲ. ಕೂಲಿಯ ಮಗ ಮೂರು ತಿಂಗಳೂ ಕಾಯಲಾರ. ಸಂಬಳ ತಡವಾದಷ್ಟೂ ಯಾರು ಮೇಷ್ಟ್ರಾಗಿ ಉಳಿಯಬಹುದು ಅನ್ನೋದು ತಾನಾಗಿಯೇ ತೀರ್ಮಾನವಾಗುತ್ತದೆ.

3

ಈಗ ಧಾರವಾಡಕ್ಕೆ ಬರೋಣ. ವುಡ್ ಪತ್ರ ಬಂದು ಎರಡು ವರ್ಷವಾಗಿತ್ತು. 1856ರ ಜೂನ್ ತಿಂಗಳಲ್ಲಿ ಮಹಾರ್ ಜಾತಿಯ ಒಬ್ಬ ಹುಡುಗನ ಪರವಾಗಿ ಬೊಂಬಾಯಿ ಸರ್ಕಾರಕ್ಕೆ ಒಂದು ಅರ್ಜಿ ಹೋಯಿತು. ಎಲ್ಲರ ಹಾಗೆ ಶುಲ್ಕ ಕೊಡಲು ಸಿದ್ಧನಿದ್ದೇನೆ, ಆದರೂ ಧಾರವಾಡದ ಸರ್ಕಾರಿ ಶಾಲೆಗೆ ಸೇರಿಸಿಕೊಳ್ಳುತ್ತಿಲ್ಲ ಅನ್ನೋದು ಅದರ ಒಕ್ಕಣೆ. ಬೊಂಬಾಯಿ ಸರ್ಕಾರ ಆ ಜುಲೈನಲ್ಲೇ ಉತ್ತರ ಕೊಟ್ಟಿತು. ನ್ಯಾಯ ನಿನ್ನ ಕಡೆಗೇ ಇದೆ, ಆದರೆ ನಿನ್ನೊಬ್ಬನನ್ನು ಒಳಗೆ ಬಿಟ್ಟರೆ ಉಳಿದವರೆಲ್ಲ ಎದ್ದು ಹೋಗುತ್ತಾರೆ, ಶಾಲೆಯೇ ನಿಷ್ಪ್ರಯೋಜಕವಾಗುತ್ತದೆ ಅನ್ನೋ ಧಾಟಿಯ ಉತ್ತರ. ನ್ಯಾಯ ನಿನ್ನದು, ಶಾಲೆ ಅವರದು!

ಕಲ್ಕತ್ತೆಯ ಸರ್ಕಾರಕ್ಕೆ ಈ ಉತ್ತರ ಸರಿಬೀಳಲಿಲ್ಲ. ಬಂಗಾಳದ ಸರ್ಕಾರಿ ಶಾಲೆಯಾಗಿದ್ದರೆ ಇವನನ್ನು ಹೊರಗಿಡುತ್ತಿರಲಿಲ್ಲ ಅಂತ 1857ರಲ್ಲಿ ಬರೆಯಿತು. 1858ರಲ್ಲಿ ಲಂಡನ್ನಿನ ನಿರ್ದೇಶಕರ ಮಂಡಳಿ ತೀರ್ಮಾನ ಹೇಳಿತು. ಪೂರ್ತಿ ಸರ್ಕಾರದ ಖರ್ಚಿನಲ್ಲೇ ನಡೆಯುವ ಶಾಲೆಗಳು ಜಾತಿಭೇದವಿಲ್ಲದೆ ಎಲ್ಲರಿಗೂ ತೆರೆದಿರಬೇಕು.

ಬಾಬಾಸಾಹೇಬ ಅಂಬೇಡ್ಕರರು ಈ ಧಾರವಾಡದ ಪ್ರಕರಣವನ್ನು ಮತ್ತೆ ಮತ್ತೆ ಎತ್ತಿ ತೋರಿಸಿದ್ದಾರೆ. ಆ ತೀರ್ಮಾನ ಕಾಗದದಲ್ಲಿ ಗೆದ್ದು ನೆಲದ ಮೇಲೆ ಸೋತದ್ದು ಗೊತ್ತಿರುವ ಕತೆ. ನಾವು ಇಲ್ಲಿ ನೋಡಬೇಕಾದ್ದು ಅದರೊಳಗಿನ ಒಂದು ಮಾತನ್ನು. ‘ಪೂರ್ತಿ ಸರ್ಕಾರದ ಖರ್ಚಿನಲ್ಲೇ’. ಹಾಗಾದರೆ ಅರ್ಧ ಸರ್ಕಾರದ ಖರ್ಚು, ಅರ್ಧ ಶ್ರೀಮಂತರ ಖರ್ಚಿನಲ್ಲಿ ನಡೆಯುವ ಶಾಲೆ? ಅಲ್ಲಿಗೆ ಈ ಮಾತು ತಾಗೋದಿಲ್ಲ! ಸರ್ಕಾರದ ದುಡ್ಡು ಒಳಗೆ ಹೋಗಬಹುದು, ಕೇರಿಯ ಹುಡುಗ ಹೋಗುವಂತಿಲ್ಲ. ಅನುದಾನಿತ ಶಾಲೆ ಅನ್ನೋ ವಸ್ತುವಿಗೆ ಹುಟ್ಟುತ್ತಲೇ ಹೀಗೊಂದು ಬಿರುಕು ಬಿತ್ತು. ದುಡ್ಡು ಸಾರ್ವಜನಿಕರದು, ಹಕ್ಕು ಖಾಸಗಿಯವರದು. ಮುಂದಿನ ನೂರೈವತ್ತು ವರ್ಷದ ಜಗಳವೆಲ್ಲ ಈ ಬಿರುಕನ್ನು ಮುಚ್ಚುವವರಿಗೂ ಅದನ್ನು ಅಗಲ ಮಾಡುವವರಿಗೂ ನಡೆದ ಜಗಳ.

ಮಂಗಳೂರಿನಲ್ಲಿ 1892ರಲ್ಲಿ ಕುದ್ಮುಲ್ ರಂಗರಾಯರು ದಲಿತ ಮಕ್ಕಳಿಗೆಂದೇ ಶಾಲೆ ತೆರೆಯಬೇಕಾಗಿ ಬಂದದ್ದು ಈ ಬಿರುಕಿನ ದೆಸೆಯಿಂದಲೇ. ಮೈಸೂರಿನಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರು 1918ರಲ್ಲಿ ಮಿಲ್ಲರ್ ಸಮಿತಿ ನೇಮಿಸಿ, ಹಿಂದುಳಿದವರಿಗೆ ಸರ್ಕಾರಿ ನೌಕರಿಯಲ್ಲಿ ಪಾಲು ಸಿಗುವ ದಾರಿ ತೆರೆದರು. ಅದೂ ಸರ್ಕಾರಿ ನೌಕರಿಯಲ್ಲಿ. ಸರ್ಕಾರದ ದುಡ್ಡಿನಲ್ಲಿ ಖಾಸಗಿಯವರು ಕೊಡುವ ನೌಕರಿ ಆ ಲೆಕ್ಕದ ಆಚೆಗೇ ಉಳಿಯಿತು.

4

1950ರ ಸಂವಿಧಾನ ಬಿರುಕಿನ ಅರ್ಧವನ್ನು ಮುಚ್ಚಿತು. ಅದರ 29ನೇ ವಿಧಿಯ ಎರಡನೇ ಖಂಡ ಹೇಳುವುದು ಇದು: ಸರ್ಕಾರ ನಡೆಸುವ ಶಾಲೆಯಾಗಲಿ, ಸರ್ಕಾರದ ಬೊಕ್ಕಸದಿಂದ ಸಹಾಯ ಪಡೆಯುವ ಶಾಲೆಯಾಗಲಿ, ಧರ್ಮ, ಜನಾಂಗ, ಜಾತಿ, ಭಾಷೆಗಳ ಕಾರಣಕ್ಕೆ ಯಾರಿಗೂ ಪ್ರವೇಶ ನಿರಾಕರಿಸುವಂತಿಲ್ಲ. ಧಾರವಾಡದ ಆ ಹುಡುಗ ಗೆಲ್ಲಲು 94 ವರ್ಷ ಬೇಕಾಯಿತು.

ಆದರೆ ಇದು ವಿದ್ಯಾರ್ಥಿಯ ಮಾತು. ಮೇಷ್ಟ್ರ ಮಾತು? ನೌಕರಿಯಲ್ಲಿ ಸಮಾನ ಅವಕಾಶ ಹೇಳುವ 16ನೇ ವಿಧಿ ‘ಸರ್ಕಾರದ ಅಡಿಯ’ ನೌಕರಿಗೆ ಮಾತ್ರ ಅನ್ವಯಿಸುತ್ತದೆ. ಅನುದಾನಿತ ಶಾಲೆಯ ಮೇಷ್ಟ್ರು ಸರ್ಕಾರದ ಅಡಿಯವರೋ, ಮಂಡಳಿಯ ಅಡಿಯವರೋ? ಎಡಗಡೆಯ ಬಾಗಿಲಲ್ಲಿ ನಿಂತಿದ್ದ ವಿದ್ಯಾರ್ಥಿ ಒಳಗೆ ಬಂದ. ಬಲಗಡೆಯ ಬಾಗಿಲಲ್ಲಿ ಮೇಷ್ಟ್ರು ನಿಂತೇ ಇದ್ದರು.

ಈ ಬಾಗಿಲಿಗೆ ಮೊದಲು ಗಟ್ಟಿಯಾಗಿ ಕೈ ಹಾಕಿದ್ದು ಕೇರಳ. 1957ರಲ್ಲಿ ಇ.ಎಂ.ಎಸ್. ನಂಬೂದಿರಿಪಾಡ್ ಸರ್ಕಾರದ ಶಿಕ್ಷಣ ಮಂತ್ರಿ ಜೋಸೆಫ್ ಮುಂಡಶ್ಶೇರಿ ಒಂದು ಮಸೂದೆ ತಂದರು. ಅವರು ಸ್ವತಃ ಕಾಲೇಜಿನಲ್ಲಿ ಪಾಠ ಹೇಳಿದವರು. ಮಸೂದೆಯಲ್ಲಿ ಎರಡು ಮುಖ್ಯ ಮಾತಿದ್ದವು. ಒಂದು, ಅನುದಾನಿತ ಶಾಲೆಯ ಮೇಷ್ಟ್ರಿಗೆ ಸರ್ಕಾರವೇ ನೇರವಾಗಿ ಸಂಬಳ ಮುಟ್ಟಿಸಬೇಕು. ಎರಡು, ಮೇಷ್ಟ್ರುಗಳನ್ನು ಪಬ್ಲಿಕ್ ಸರ್ವಿಸ್ ಕಮಿಷನ್ ಆರಿಸಿದ ಪಟ್ಟಿಯಿಂದಲೇ ತೆಗೆದುಕೊಳ್ಳಬೇಕು, ಅದರಲ್ಲಿ ಮೀಸಲಾತಿ ಇರಬೇಕು. ದುಡ್ಡು ನಮ್ಮದಾದರೆ ಆಯ್ಕೆಯೂ ನಮ್ಮ ಕಣ್ಣೆದುರು ನಡೆಯಲಿ ಅಂತ.

ಮಸೂದೆ ರಾಷ್ಟ್ರಪತಿಯ ಬಳಿಗೂ ಅಲ್ಲಿಂದ ಸುಪ್ರೀಂ ಕೋರ್ಟಿಗೂ ಹೋಯಿತು. 1958ರ ಮೇ ತಿಂಗಳಲ್ಲಿ ಕೋರ್ಟು ಅಲ್ಪಸಂಖ್ಯಾತರ ಶಾಲೆಗಳನ್ನು ವಶಪಡಿಸಿಕೊಳ್ಳುವ ಅಂಶಗಳನ್ನು ಒಪ್ಪಲಿಲ್ಲ. ಆದರೆ ಸಂಬಳ ಮತ್ತು ಆಯ್ಕೆಯ ಅಂಶಗಳನ್ನು, ಇವು ಆಡಳಿತದ ಹಕ್ಕಿಗೆ ಬಹಳ ಹತ್ತಿರ ಬರುತ್ತವೆ ಅಂತ ಗೊಣಗಿಕೊಂಡೇ ಸಹಿಸಿಕೊಂಡಿತು. ಕಾನೂನು ಉಳಿಯಿತು. ಸರ್ಕಾರ ಉಳಿಯಲಿಲ್ಲ. ವಿಮೋಚನಾ ಸಮರ ಅನ್ನೋ ಹೆಸರಿನಲ್ಲಿ ಶಾಲೆಗಳ ಒಡೆಯರೂ ಜಮೀನಿನ ಒಡೆಯರೂ ಜಾತಿ ಸಂಘಗಳೂ ಒಟ್ಟಾಗಿ ಬೀದಿಗೆ ಬಂದವು. 1959ರ ಜುಲೈ 31ರಂದು ಕೇಂದ್ರ ಆ ಸರ್ಕಾರವನ್ನು ಕಿತ್ತುಹಾಕಿತು. 1960ರಲ್ಲಿ ಮುಂದಿನ ಸರ್ಕಾರ ಕಾಯಿದೆಗೆ ತಿದ್ದುಪಡಿ ತಂದು ಆಯ್ಕೆಯ ಅಧಿಕಾರವನ್ನು ಮ್ಯಾನೇಜರುಗಳಿಗೇ ಹಿಂದಿರುಗಿಸಿತು.

ನೋಡಿ ಸ್ವಾಮಿ ಚಮತ್ಕಾರ! ಸರ್ಕಾರ ಸಂಬಳ ಕೊಡಲಿ ಅನ್ನೋ ಮಾತು ಉಳಿಯಿತು. ಸರ್ಕಾರ ಆರಿಸಲಿ ಅನ್ನೋ ಮಾತು ಹೋಯಿತು. ಭಾರವೆಲ್ಲ ಬೊಕ್ಕಸಕ್ಕೆ, ಅಧಿಕಾರವೆಲ್ಲ ಮ್ಯಾನೇಜರಿಗೆ. ಕೇರಳದ ಅನುದಾನಿತ ಶಾಲೆಗಳ ಮೇಷ್ಟ್ರ ಹುದ್ದೆಗಳಲ್ಲಿ ದಲಿತರಿಗೆ ಮೀಸಲಾತಿ ಇಲ್ಲದೆ ಹೋದದ್ದರ ಬೇರು ಇಲ್ಲಿದೆ. ಸಾಕ್ಷರತೆಯಲ್ಲಿ ದೇಶಕ್ಕೇ ಮೊದಲು ಅನ್ನಿಸಿಕೊಂಡ ನಾಡಿನ ಕತೆ ಇದು.

5

ಕರ್ನಾಟಕದ ಕತೆ ಸದ್ದಿಲ್ಲದ ಕತೆ. 1956ರ ನವೆಂಬರ್ 1ರಂದು ಮೈಸೂರು, ಬೊಂಬಾಯಿ, ಹೈದರಾಬಾದು, ಮದರಾಸು, ಕೊಡಗು ಅಂತ ಐದು ಕಡೆಯಿಂದ ತುಂಡುಗಳು ಬಂದು ಒಂದಾದವು. ಒಂದೊಂದು ತುಂಡಿಗೂ ಒಂದೊಂದು ಶಿಕ್ಷಣ ಪದ್ಧತಿ, ಒಂದೊಂದು ಅನುದಾನದ ನಿಯಮ. ಮಠಗಳು, ಮಿಷನ್ನುಗಳು, ಜಾತಿಯ ವಿದ್ಯಾವರ್ಧಕ ಸಂಘಗಳು, ತಾಲ್ಲೂಕಿನ ರಾಜಕಾರಣಿಗಳು ಶಾಲೆ ತೆರೆದರು. ಅವರಲ್ಲಿ ಹಲವರು ಅನ್ನದ ಜೊತೆ ಅಕ್ಷರವನ್ನೂ ಕೊಟ್ಟರು ಅನ್ನೋದನ್ನು ನಾವು ಮರೆಯಬಾರದು. ಸರ್ಕಾರ ಕಣ್ಣೆತ್ತಿ ನೋಡದ ಊರುಗಳಲ್ಲಿ ಹೈಸ್ಕೂಲು ಬಂದದ್ದು ಅವರಿಂದ. ಆದರೆ ಸಂಸ್ಥೆ ಕಟ್ಟಿದವರಿಗೂ ಸಂಸ್ಥೆಯನ್ನು ಜಹಗೀರಿ ಮಾಡಿಕೊಂಡವರಿಗೂ ವ್ಯತ್ಯಾಸವಿದೆ. ಎರಡನೇ ಬಗೆಯವರು ಹೆಚ್ಚುತ್ತ ಹೋದಂತೆ ಮೇಷ್ಟ್ರ ಕೆಲಸ ಧಣಿಯ ಬಾಯಿಮಾತಿನ ಮೇಲೆ ನಿಂತಿತು. ಬೆಳಿಗ್ಗೆ ಬಾ ಅಂದರೆ ಬರಬೇಕು, ಸಂಜೆ ಬೇಡ ಅಂದರೆ ಹೋಗಬೇಕು. ಪೂರ್ತಿ ಸಂಬಳಕ್ಕೆ ಸಹಿ, ಕೈಗೆ ಅರ್ಧ ಸಂಬಳ.

ದೇವರಾಜ ಅರಸರ ಕಾಲದಲ್ಲಿ, 1975ರಲ್ಲಿ, ಖಾಸಗಿ ಶಿಕ್ಷಣ ಸಂಸ್ಥೆಗಳ ಶಿಸ್ತು ಮತ್ತು ನಿಯಂತ್ರಣ ಕಾಯಿದೆ ಬಂತು. ಆರೋಪಪಟ್ಟಿ ಕೊಡದೆ, ವಿಚಾರಣೆ ನಡೆಸದೆ ಮೇಷ್ಟ್ರನ್ನು ತೆಗೆಯುವಂತಿಲ್ಲ. ತೆಗೆದರೆ ಜಿಲ್ಲಾ ನ್ಯಾಯಾಧೀಶರ ದರ್ಜೆಯ ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬಹುದು. ಇದು ಸಣ್ಣ ಗೆಲುವಲ್ಲ. ಜಹಗೀರಿನ ಒಳಗೆ ಕಾನೂನು ಮೊದಲ ಸಲ ಕಾಲಿಟ್ಟಿತು. ಆಮೇಲೆ ಇದನ್ನೆಲ್ಲ ಒಳಗೊಂಡ ಕರ್ನಾಟಕ ಶಿಕ್ಷಣ ಕಾಯಿದೆಯನ್ನು ಶಾಸನಸಭೆ 1983ರಲ್ಲಿ ಪಾಸು ಮಾಡಿತು. ಅದು ಜಾರಿಗೆ ಬಂದದ್ದು 1995ರಲ್ಲಿ. ರಾಷ್ಟ್ರಪತಿಯ ಒಪ್ಪಿಗೆಗಾಗಿ ಕಾಯಿದೆಯೇ ವರ್ಷಗಟ್ಟಲೆ ಕಾದಿತು! ಮೇಷ್ಟ್ರನ್ನು ಕಾಪಾಡಬೇಕಾದ ಕಾನೂನೇ ಜಾರಿಗೆ ಬರಲು ಹನ್ನೆರಡು ವರ್ಷ ಹಿಡಿದರೆ, ಮೇಷ್ಟ್ರ ಪಾಡೇನು?

ಈ ಕಾಯಿದೆಯ 92ನೇ ಕಲಮು ವಜಾ ಮಾಡುವ ಮುಂಚೆ ವಿಚಾರಣೆ ಬೇಕು ಅನ್ನುತ್ತದೆ. 94ನೇ ಕಲಮು ಮೂರು ತಿಂಗಳೊಳಗೆ ನ್ಯಾಯಮಂಡಳಿಗೆ ಹೋಗಿ ಅನ್ನುತ್ತದೆ. ವಜಾ ಆದವರಿಗೆ, ಹುದ್ದೆಯಿಂದ ಇಳಿಸಲ್ಪಟ್ಟವರಿಗೆ ಈ ಬಾಗಿಲಿದೆ. ಅನುಮೋದನೆಯೇ ಸಿಗದವರಿಗೆ? ಅವರನ್ನು ಯಾರೂ ವಜಾ ಮಾಡಿಲ್ಲ. ಕೆಲಸವಿದೆ, ಸಂಬಳವಿಲ್ಲ. ಈ ಪಾಡಿಗೆ ಜಿಲ್ಲೆಯಲ್ಲಿ ಉತ್ತರವಿಲ್ಲ. ಇಲಾಖೆಯ ಮೆಟ್ಟಿಲು ಒಂದೊಂದಾಗಿ ಹತ್ತಬೇಕು, ಕೊನೆಗೆ ಹೈಕೋರ್ಟಿಗೆ ರಿಟ್ ಅರ್ಜಿ ಹಾಕಬೇಕು. 2008ರ ಜುಲೈನಲ್ಲಿ ಧಾರವಾಡ, ಗುಲ್ಬರ್ಗಗಳಲ್ಲಿ ಹೈಕೋರ್ಟಿನ ಸಂಚಾರಿ ಪೀಠ ಶುರುವಾಗುವ ತನಕ ಬೀದರಿನ ಮೇಷ್ಟ್ರು ಒಂದು ವಾಯಿದೆಗೆ ಸುಮಾರು 700 ಕಿಲೋಮೀಟರ್ ದೂರದ ಬೆಂಗಳೂರಿಗೆ ಬರಬೇಕಿತ್ತು. ಸಂಬಳವಿಲ್ಲದವನು ಬಸ್ ಚಾರ್ಜು ಎಲ್ಲಿಂದ ತರಬೇಕು?

ಇಲ್ಲಿ ರೋಸ್ಟರಿನ ಮಾತನ್ನು ಬಿಡಿಸಿ ಹೇಳಬೇಕು. ಅನುದಾನಿತ ಸಂಸ್ಥೆಗಳಲ್ಲಿ ಪರಿಶಿಷ್ಟ ಜಾತಿಗೆ 15, ಪಂಗಡಕ್ಕೆ 3, ಹೀಗೆ ನೂರಕ್ಕೆ ಇಷ್ಟು ಅಂತ ಕರ್ನಾಟಕ ಸರ್ಕಾರ ಬಹುಕಾಲ ಲೆಕ್ಕ ಹಿಡಿಯಿತು. 2022ರಲ್ಲಿ ಅದನ್ನು 17 ಮತ್ತು 7ಕ್ಕೆ ಏರಿಸಿತು. ಹುದ್ದೆ ಖಾಲಿಯಾದಾಗ ಬಿಂದು ದಲಿತರದ್ದಾದರೆ ಕೆಲವು ಮಂಡಳಿಗಳು ಏನು ಮಾಡುತ್ತವೆ ಅನ್ನೋದನ್ನು ನಾವು ಕಂಡಿದ್ದೇವೆ. ಅರ್ಹರು ಸಿಗಲಿಲ್ಲ ಅಂತ ಬರೆದು ತಮ್ಮವನನ್ನು ಕೂರಿಸುತ್ತವೆ. ಇಲಾಖೆ ಅನುಮೋದನೆ ಕೊಡೋದಿಲ್ಲ. ವರ್ಷ ಕಳೆದಂತೆ ಆ ಮೇಷ್ಟ್ರು ‘ಮೀಸಲಾತಿಯಿಂದ ನನ್ನ ಸಂಬಳ ನಿಂತಿತು’ ಅಂತ ಕೊರಗುತ್ತಾರೆ. ಅಲ್ಲಪ್ಪ, ನಿನ್ನ ಸಂಬಳ ನಿಲ್ಲಿಸಿದ್ದು ಮೀಸಲಾತಿಯಲ್ಲ, ಬಿಂದುವನ್ನು ಕದ್ದ ಮಂಡಳಿ! ಅವರು ಒಂದೇ ಏಟಿಗೆ ಇಬ್ಬರನ್ನು ಕೆಡವಿದರು. ಬರಬೇಕಾದ ದಲಿತ ಮೇಷ್ಟ್ರನ್ನು ಹೊರಗಿಟ್ಟರು, ಒಳಗೆ ಬಂದ ಬಡ ಮೇಷ್ಟ್ರನ್ನು ಹಸಿವಿಗೆ ಕೆಡವಿದರು. ಆಮೇಲೆ ಇಬ್ಬರನ್ನೂ ಪರಸ್ಪರ ಶತ್ರುಗಳನ್ನಾಗಿ ಮಾಡಿದರು. ಇನ್ನು ಬಿಂದುವಿಗೆ ಸರಿಯಾಗಿ ದಲಿತ ಮೇಷ್ಟ್ರು ನೇಮಕವಾದಲ್ಲೂ ಕಡತ ಕಳಿಸದೆ ಕಾಯಿಸಿ, ತಾನಾಗಿಯೇ ಬಿಟ್ಟುಹೋಗುವಂತೆ ಮಾಡುವ ಕಲೆ ಬೇರೆ ಇದೆ.

6

ಕೋರ್ಟುಗಳು ಏನಂದವು? ಒಂದು ಕೈಯಲ್ಲಿ ಕೊಟ್ಟವು, ಇನ್ನೊಂದು ಕೈಯಲ್ಲಿ ಕಿತ್ತುಕೊಂಡವು.

1978ರಲ್ಲಿ ಬೆಂಗಳೂರು ನೀರು ಸರಬರಾಜು ಮಂಡಳಿಯ ಮೊಕದ್ದಮೆಯಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಮುಂತಾದವರು ಶಿಕ್ಷಣವೂ ಒಂದು ಕೈಗಾರಿಕೆಯೇ ಅಂದರು. ಹಾಗಾದರೆ ಮೇಷ್ಟ್ರೂ ಕಾರ್ಮಿಕರೇ, ಲೇಬರ್ ಕೋರ್ಟಿಗೆ ಹೋಗಬಹುದು ಅಂತ ಆಸೆ ಹುಟ್ಟಿತು. ಗೋವಾದ ಖಾಸಗಿ ಶಾಲೆಯೊಂದರಲ್ಲಿ 1975ರಲ್ಲಿ ಕೆಲಸ ಕಳೆದುಕೊಂಡ ಶಿಕ್ಷಕಿಯೊಬ್ಬರು ಆ ಆಸೆ ಹಿಡಿದು ಸುಪ್ರೀಂ ಕೋರ್ಟಿನವರೆಗೆ ಹೋದರು. 1988ರಲ್ಲಿ ಮಂಡ್ಯ ಸೀಮೆಯವರಾದ ನ್ಯಾಯಮೂರ್ತಿ ಇ.ಎಸ್. ವೆಂಕಟರಾಮಯ್ಯ ತೀರ್ಪು ಬರೆದರು. ಶಾಲೆ ಕೈಗಾರಿಕೆ ಇರಬಹುದು, ಮೇಷ್ಟ್ರು ಮಾತ್ರ ಕಾರ್ಮಿಕರಲ್ಲ. ಅವರ ಕೆಲಸ ದೈಹಿಕವೂ ಅಲ್ಲ, ಗುಮಾಸ್ತಿಕೆಯೂ ಅಲ್ಲ, ಅದು ಉದಾತ್ತ ವೃತ್ತಿ. ಉದಾತ್ತ ಅಂತ ಕರೆಸಿಕೊಂಡ ಪಾಪಕ್ಕೆ ಕೂಲಿಯವನಿಗೆ ಇರುವ ಬಾಗಿಲೂ ಮೇಷ್ಟ್ರಿಗೆ ಮುಚ್ಚಿತು! ಆದರೆ ಅದೇ ತೀರ್ಪು ಮೇಷ್ಟ್ರುಗಳಿಗೆ ಭದ್ರತೆ ಕೊಡುವ ಬೇರೆ ಕಾನೂನು ಬೇಕು ಅಂದು, ಕರ್ನಾಟಕದ 1975ರ ಕಾಯಿದೆಯನ್ನು ಹೆಸರಿಸಿತು ಅನ್ನೋದನ್ನೂ ಹೇಳಬೇಕು.

ಮರುವರ್ಷ, 1989ರಲ್ಲಿ, ಕನ್ನಡ ನಾಡಿನವರೇ ಆದ ನ್ಯಾಯಮೂರ್ತಿ ಕೆ. ಜಗನ್ನಾಥ ಶೆಟ್ಟಿ ಇನ್ನೊಂದು ತೀರ್ಪು ಬರೆದರು. ಅಹಮದಾಬಾದಿನ ಒಂದು ಟ್ರಸ್ಟು ಅಧ್ಯಾಪಕರ ಸಂಬಳದ ತಕರಾರು ಬಂದಾಗ 1975ರಲ್ಲಿ ಕಾಲೇಜನ್ನೇ ಮುಚ್ಚಿಬಿಟ್ಟಿತ್ತು. ನಾವು ಖಾಸಗಿಯವರು, ನಮ್ಮ ಮೇಲೆ ರಿಟ್ ನಡೆಯೋದಿಲ್ಲ ಅಂತ ವಾದಿಸಿತು. ಕೋರ್ಟು ಒಪ್ಪಲಿಲ್ಲ. ಸಾರ್ವಜನಿಕರ ದುಡ್ಡು ತಿನ್ನುವ ಸಂಸ್ಥೆ ಸಾರ್ವಜನಿಕ ಕರ್ತವ್ಯ ಮಾಡುತ್ತದೆ, ಆ ಕರ್ತವ್ಯವನ್ನು ರಿಟ್ ಮೂಲಕ ಮಾಡಿಸಬಹುದು ಅಂದಿತು. ಧಾರವಾಡದ ಬಿರುಕಿನ ಮೇಲೆ ಇದೊಂದು ಗಟ್ಟಿ ಗಾರೆ. ಅನುದಾನಿತ ಶಾಲೆಯ ಮೇಷ್ಟ್ರ ಪರವಾಗಿ ವಕೀಲರು ಇವತ್ತಿಗೂ ಮೊದಲು ಎತ್ತುವುದು ಈ ತೀರ್ಪನ್ನೇ. ಅನುದಾನವಿಲ್ಲದ ಶಾಲೆಯವರ ಸೇವಾ ತಕರಾರುಗಳಿಗೆ ಈ ಬಾಗಿಲನ್ನು ಸುಪ್ರೀಂ ಕೋರ್ಟು 2022ರಲ್ಲಿ ಕಿರಿದು ಮಾಡಿತು.

2006ರಲ್ಲಿ ಉಮಾದೇವಿ ತೀರ್ಪು ಬಂತು. ಅದೂ ಕರ್ನಾಟಕದಿಂದಲೇ ಹೋದ ಮೊಕದ್ದಮೆ, ದಿನಗೂಲಿ ನೌಕರರದ್ದು. ನಿಯಮ ಬಿಟ್ಟು ನೇಮಕವಾದವರನ್ನು ಕಾಯಂ ಮಾಡುವಂತಿಲ್ಲ ಅಂತ ಐವರು ನ್ಯಾಯಮೂರ್ತಿಗಳು ಹೇಳಿದರು. ಹಿಂಬಾಗಿಲ ನೇಮಕ ನಿಲ್ಲಬೇಕು ಅನ್ನೋದರಲ್ಲಿ ನಮಗೂ ತಕರಾರಿಲ್ಲ. ಹಿಂಬಾಗಿಲಿಂದ ಬರುವವರು ದಲಿತರಲ್ಲ ಅನ್ನೋದು ನಮಗೆ ಚೆನ್ನಾಗಿ ಗೊತ್ತು. ಆದರೆ ಆ ತೀರ್ಪು ಅಕ್ರಮ ನೇಮಕಕ್ಕೂ, ಮಂಜೂರಾದ ಹುದ್ದೆಯಲ್ಲಿ ಅರ್ಹನೇ ಇದ್ದು ಕ್ರಮದಲ್ಲಿ ಮಾತ್ರ ಲೋಪವಾದ ನೇಮಕಕ್ಕೂ ಗೆರೆ ಎಳೆದಿತ್ತು. ಎರಡನೆಯವರು ಹತ್ತು ವರ್ಷ ದುಡಿದಿದ್ದರೆ ಒಂದು ಸಲಕ್ಕೆ ಪರಿಗಣಿಸಿ ಅಂದಿತ್ತು. ಕಚೇರಿಗಳು ತೀರ್ಪಿನ ಮೊದಲರ್ಧ ಓದಿ ಎರಡನೆಯ ಅರ್ಧ ಮಡಚಿಟ್ಟವು. ದೇವರು ವರ ಕೊಟ್ಟರೂ ಪೂಜಾರಿ ಕೊಡ!

ಇನ್ನು ಬಾಕಿಯ ಲೆಕ್ಕ. 2008ರಲ್ಲಿ ಸೈನಿಕರೊಬ್ಬರ ಪಿಂಚಣಿಯ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಹೇಳಿತು. ಸಂಬಳ, ಪಿಂಚಣಿ ತಪ್ಪಿಸುವುದು ತಿಂಗಳು ತಿಂಗಳೂ ಮುಂದುವರಿಯುವ ತಪ್ಪು, ಆದ್ದರಿಂದ ತಡವಾಗಿ ಬಂದರೂ ಕೇಳಿಸಿಕೊಳ್ಳುತ್ತೇವೆ, ಆದರೆ ಬಾಕಿಯನ್ನು ಅರ್ಜಿ ಹಾಕಿದ ದಿನದಿಂದ ಹಿಂದಿನ ಮೂರು ವರ್ಷಕ್ಕೆ ಮಾತ್ರ ಕೊಡುತ್ತೇವೆ. ಇದರ ಅರ್ಥ ಮೇಷ್ಟ್ರುಗಳಿಗೆ ತಿಳಿದಿರಬೇಕು. ಅಧ್ಯಕ್ಷರ ಮುಖ ನೋಡಿ, ಇವತ್ತಾಗುತ್ತೆ ನಾಳೆ ಆಗುತ್ತೆ ಅಂತ ಹತ್ತು ವರ್ಷ ಸುಮ್ಮನೆ ಕಾದವರು ಏಳು ವರ್ಷದ ಅನ್ನವನ್ನು ತಾವೇ ಕಳೆದುಕೊಂಡ ಹಾಗೆ. ತಾಳಿದವನು ಬಾಳಿಯಾನು ಅನ್ನೋ ಗಾದೆ ಹೈಕೋರ್ಟಿನಲ್ಲಿ ನಡೆಯೋದಿಲ್ಲ.

ಗ್ರಾಚ್ಯುಯಿಟಿಯ ಕತೆಯೂ ಇದೇ. ಮೇಷ್ಟ್ರು ಆ ಕಾಯಿದೆಯ ನೌಕರರಲ್ಲ ಅಂತ 2004ರಲ್ಲಿ ಕೋರ್ಟು ಹೇಳಿತು. ಸಂಸತ್ತು 2009ರಲ್ಲಿ ತಿದ್ದುಪಡಿ ತಂದು 1997ರ ಏಪ್ರಿಲ್ 3ರಿಂದಲೇ ಅನ್ವಯ ಮಾಡಿತು. ಖಾಸಗಿ ಶಾಲೆಗಳು ಅದನ್ನೂ ಪ್ರಶ್ನಿಸಿದವು. 2022ರಲ್ಲಿ ಸುಪ್ರೀಂ ಕೋರ್ಟು ಮೇಷ್ಟ್ರ ಕಡೆ ನಿಂತಿತು. ಗೆದ್ದವನು ಸೋತ, ಸೋತವನು ಸತ್ತ ಅನ್ನೋ ಮಾತಿದೆಯಲ್ಲ, ಈ ನಡುವೆ ನಿವೃತ್ತರಾಗಿ ಮಣ್ಣು ಸೇರಿದವರೆಷ್ಟೋ.

7

ಕರ್ನಾಟಕದಲ್ಲಿ ಇನ್ನೊಂದು ಗಾಯವಿದೆ. 1987ರಿಂದ 1995ರ ನಡುವೆ ಶುರುವಾದ ಕನ್ನಡ ಮಾಧ್ಯಮ ಶಾಲೆಗಳು ವರ್ಷಗಟ್ಟಲೆ ಕಾದ ಮೇಲೆ ಅನುದಾನಕ್ಕೆ ಸೇರಿದವು. 1995ರ ನಂತರದ ಶಾಲೆಗಳವರು ಅನುದಾನ ಕೊಡಿ ಅಂತ ಧರಣಿ ಕೂರುತ್ತಲೇ ಬಂದರು. ಕನ್ನಡ ಉಳಿಸಿ ಅಂತ ವೇದಿಕೆಯ ಮೇಲೆ ಎದೆ ಬಡಿದುಕೊಳ್ಳುವ ನಾಡಿನಲ್ಲಿ ಕನ್ನಡದಲ್ಲಿ ಪಾಠ ಹೇಳಿದವರ ಹೊಟ್ಟೆ ಖಾಲಿ.

ಅನುದಾನ ಬಂದ ಮೇಲಾದರೂ ಹಿಂದಿನ ಸೇವೆಗೆ ಬೆಲೆ ಬಂತೆ? ಅನುದಾನಕ್ಕೆ ಮುಂಚೆ ದುಡಿದ ವರ್ಷಗಳನ್ನು ಸೇರಿಸಿ ವೇತನ ನಿಗದಿ ಮಾಡಿ ಅನ್ನೋದು ಕಾಲ್ಪನಿಕ ವೇತನದ ಬೇಡಿಕೆ. ಮೇಷ್ಟ್ರುಗಳು ಕೋರ್ಟಿನಲ್ಲಿ ಗೆಲ್ಲತೊಡಗಿದಾಗ ಸರ್ಕಾರ 2014ರಲ್ಲಿ ಒಂದು ಕಾಯಿದೆಯನ್ನೇ ಮಾಡಿ ಆ ವರ್ಷಗಳನ್ನು ಲೆಕ್ಕದಿಂದ ಹೊರಗಿಟ್ಟಿತು. ಕೆಲಸ ಮಾಡಿದ್ದು ವಾಸ್ತವ, ಸಂಬಳ ಮಾತ್ರ ಕಾಲ್ಪನಿಕ! ಈ ಹೆಸರಿಟ್ಟವರು ಯಾರೋ, ನಮ್ಮ ವ್ಯವಸ್ಥೆಯ ಬಗ್ಗೆ ಇದಕ್ಕಿಂತ ದೊಡ್ಡ ಸತ್ಯ ಹೇಳಿದವರಿಲ್ಲ.

8

ಈ ಚರಿತ್ರೆಯಿಂದ ನಾವು ಕಲಿಯಬೇಕಾದ್ದು ಏನು?

ಮೊದಲನೆಯದು, ಅನುಮೋದನೆ ಕೆಟ್ಟದ್ದಲ್ಲ. ಸಾರ್ವಜನಿಕರ ದುಡ್ಡು ಕೊಡುವ ಮುಂಚೆ ಅರ್ಹತೆ ಇದೆಯೇ, ಮೀಸಲಾತಿ ಪಾಲಿಸಿದ್ದಾರೆಯೇ ಅಂತ ಸರ್ಕಾರ ನೋಡಲೇಬೇಕು. ನಮ್ಮ ಜನ ಅನುದಾನಿತ ಶಾಲೆಯ ಒಳಗೆ ಮೇಷ್ಟ್ರಾಗಿ ಕಾಲಿಟ್ಟಿದ್ದರೆ ಅದು ಈ ತಪಾಸಣೆಯ ಭಯದಿಂದ. ಅನುಮೋದನೆಯೇ ಬೇಡ, ಎಲ್ಲ ಮಂಡಳಿಗೆ ಬಿಡಿ ಅನ್ನುವವರ ಜೊತೆ ನಾವು ಸೇರಬಾರದು. ಕೆಟ್ಟದ್ದು ಅನುಮೋದನೆಗೆ ಗಡುವು ಇಲ್ಲದಿರುವುದು. ಇಷ್ಟು ದಿನದೊಳಗೆ ಕೊಡಬೇಕು, ಇಲ್ಲವೇ ಕಾರಣ ಬರೆದು ತಿರಸ್ಕರಿಸಬೇಕು. ಎರಡೂ ಮಾಡದೆ ಇಟ್ಟುಕೊಂಡು ಕೂರುವ ಅಧಿಕಾರ ಯಾರಿಗೂ ಇರಬಾರದು.

ಎರಡನೆಯದು, ತಪ್ಪು ಮಂಡಳಿಯದಾದರೆ ದಂಡ ಮಂಡಳಿಗೆ ಬೀಳಬೇಕು. ಬಿಂದು ಕದ್ದವರು, ಕಡತ ಕಳಿಸದವರು ಬಾಕಿ ಸಂಬಳವನ್ನು ತಮ್ಮ ಗಂಟಿನಿಂದ ಕೊಡಲಿ. ದುಡಿಸಿಕೊಂಡವರು ಕೂಲಿ ಕೊಡಬೇಕು ಅನ್ನೋದಕ್ಕೆ ಯಾವ ಕಾನೂನಿನ ಪುಸ್ತಕ ಬೇಕು? ಕೂಲಿ ಕೊಡದೆ ದುಡಿಸುವುದಕ್ಕೆ ನಮ್ಮ ಕೇರಿಗಳಲ್ಲಿ ಹಳೆಯ ಹೆಸರಿದೆ. ಜೀತ. ಅದು ಹೊಲದಲ್ಲಿ ನಡೆದರೆ ಜೀತ, ತರಗತಿಯಲ್ಲಿ ನಡೆದರೆ ಸೇವೆ ಅನ್ನೋ ಮಾತನ್ನು ನಾವು ಒಪ್ಪುವುದಿಲ್ಲ.

ಮೂರನೆಯದು, ಮೇಷ್ಟ್ರುಗಳಿಗೆ ನಮ್ಮ ಮಾತು. ನೇಮಕದ ಆದೇಶ, ಜಾಹೀರಾತಿನ ತುಣುಕು, ಹಾಜರಿ ಪುಸ್ತಕದ ನಕಲು, ಸಂಬಳದ ಚೀಟಿ ಎಲ್ಲವನ್ನೂ ಮನೆಯಲ್ಲಿಟ್ಟುಕೊಳ್ಳಿ. ಕೊಟ್ಟ ಅರ್ಜಿಗೆಲ್ಲ ಸ್ವೀಕೃತಿ ಪಡೆಯಿರಿ. ಒಬ್ಬರೇ ಅಲೆಯಬೇಡಿ, ನಾಲ್ಕು ಜನ ಸೇರಿ ಹೋಗಿ. ಮೂರು ವರ್ಷದ ಗೆರೆ ನೆನಪಿರಲಿ. ಪಕ್ಕದ ಕೊಠಡಿಯ ದಲಿತ ಮೇಷ್ಟ್ರ ಬಿಂದು ಕದ್ದಾಗ ಸುಮ್ಮನಿದ್ದು, ನಿಮ್ಮ ಸಂಬಳ ನಿಂತಾಗ ಮಾತ್ರ ನ್ಯಾಯ ಕೇಳಬೇಡಿ. ಆ ಕಳ್ಳತನವೂ ಈ ಕಳ್ಳತನವೂ ಒಂದೇ ಕೈಯದ್ದು.

1856ರಲ್ಲಿ ಧಾರವಾಡದ ಆ ಹುಡುಗ ಕೇಳಿದ್ದು ಒಂದೇ ಪ್ರಶ್ನೆ: ಎಲ್ಲರ ದುಡ್ಡಿನಲ್ಲಿ ನಡೆಯುವ ಶಾಲೆ ಯಾರದು? ಬಾಕಿ ಸಂಬಳದ ಅರ್ಜಿ ಹಿಡಿದು ಕೋರ್ಟಿನ ಮೆಟ್ಟಿಲ ಮೇಲೆ ಕೂತ ಮೇಷ್ಟ್ರು, ಮೇಡಂಗಳು ಕೇಳುತ್ತಿರುವುದೂ ಅದನ್ನೇ. ಶಾಲೆ ಕಟ್ಟಿದವರದ್ದು ಅನ್ನೋ ಉತ್ತರವನ್ನು ನಾವು ಸಾಕಷ್ಟು ಕೇಳಿದ್ದೇವೆ. ಅದು ಕಲಿಯುವವರದ್ದು, ಕಲಿಸುವವರದ್ದು, ತೆರಿಗೆ ಕಟ್ಟುವ ಕೂಲಿಕಾರರದ್ದು ಅನ್ನೋ ಉತ್ತರವನ್ನು ಬರಿಸಿಕೊಳ್ಳಬೇಕಾದವರು ನಾವೇ.